ಕೊರಿಯಾದವರು ಜೋಡಿಯಾಗಿ ನಡೆಯುತ್ತಾರೆ

ಸೀರೆಯ ಜಂಪರಿಗೆ ಹುಕ್ಕು ಹಾಕುವಾಗ ಕಣ್ಣು ಬಟ್ಟೆಯ ಮೇಲಿರಬೇಕು, ಬೆರಳು ಸೂಜಿಯ ಮೇಲಿರಬೇಕು. ಕಿವಿಗಳಿಗೆ ಮಾತ್ರ ಏನೂ ಕೆಲಸವಿಲ್ಲ. ಹೀಗೆ ಖಾಲಿ ಬಿದ್ದಿದ್ದ ನನ್ನ ಕಿವಿಗಳೊಳಗೆ ಕೊರಿಯಾ ದೇಶದವರು ಬಂದು ಸೇರಿಕೊಂಡರು. ಸೇಡಂನ ಒಂದು ಓಣಿಯಲ್ಲಿ ಹೊಲಿಗೆ ಮಶೀನಿನ ಮುಂದೆ ಕೂತ ಹೆಂಗಸಿಗೂ ಅಷ್ಟು ದೂರದ ಮಂದಿಗೂ ಏನು ಸಂಬಂಧ ಎಂದು ನೀವು ಕೇಳಬಹುದು. ನಾನೂ ಕೇಳಿಕೊಂಡಿದ್ದೇನೆ. ಉತ್ತರ ಸಿಕ್ಕಿಲ್ಲ, ಕಥೆ ಮಾತ್ರ ಮುಂದುವರಿದಿದೆ.

ಅವರನ್ನು ಮನೆಗೆ ಕರೆತಂದವಳು ಕಲಬುರಗಿಯಲ್ಲಿ ಓದುವ ನನ್ನ ಮಗಳು ಪೂರ್ಣಿಮಾ. ದಸರೆ ಸೂಟಿಗೆ ಬಂದವಳು ನನ್ನ ಫೋನಿನಲ್ಲಿ ಕೊರಿಯಾದ ಒಂದು ಪ್ರೇಮಕಥೆಯ ಸೀರಿಯಲ್ಲು ಹಾಕಿಕೊಟ್ಟು, "ಅವ್ವಾ, ಇದನ್ನ ಕೇಳ್ಕೋತ ಹೊಲಿ, ಬ್ಯಾಸರ ಆಗಂಗಿಲ್ಲ" ಎಂದಳು. ಅವಳು ನೋಡುವುದು ಕೊರಿಯಾದ ಭಾಷೆಯಲ್ಲೇ, ಕೆಳಗೆ ಓಡುವ ಇಂಗ್ಲಿಷ್ ಅಕ್ಷರ ಓದಿಕೊಂಡು. ನಾನು ಅಕ್ಷರ ಓದಲು ಹೋದರೆ ಸೂಜಿ ಹೆಬ್ಬೆರಳಿಗೆ ಹೋಗುತ್ತದೆ. ಅದಕ್ಕೇ ನನಗೆ ಹಿಂದಿಯ ದನಿ ಕೂಡಿಸಿದ್ದು. ಹಿಂದಿಯನ್ನು ನಮ್ಮ ಕಡೆ ಯಾರೂ ಕಲಿಸಬೇಕಾಗಿಲ್ಲ. ಪಕ್ಕದ ಮನೆಯ ಗೋಡೆ ಹಾರಿ ಅದೇ ಬರುತ್ತದೆ.

ನನ್ನ ಪಕ್ಕದ ಮನೆ ರಜಿಯಾಳದು. ಕೈಹೊಲಿಗೆಯ ಕೆಲಸದಲ್ಲಿ ನನಗೆ ಜೊತೆಗಾತಿ, ವಯಸ್ಸಿನಲ್ಲಿ ಚಿಕ್ಕವಳು. ಮಧ್ಯಾಹ್ನ ಊಟವಾದ ಮೇಲೆ ಬಂದು ನನ್ನೆದುರು ಕೂತು ಸೀರೆಗೆ ಫಾಲ್ ಹಚ್ಚುತ್ತಾಳೆ. ಕೊರಿಯಾದವರ ಹಿಂದಿಯನ್ನು ಮೊದಲ ದಿನ ಕೇಳಿದಾಗ ಅವಳಿಗೆ ಸಮಾಧಾನವಾಗಲಿಲ್ಲ.

"ಇದು ದಿಲ್ಲಿ ಕಡೀದು ಅಕ್ಕಾ, ನಮ್ದಲ್ಲ. ಆ ಹುಡುಗಿ ಇಷ್ಟ್ ಸಿಟ್ಟಿಗೆದ್ದಾಳ, ಒಮ್ಮೆರೇ 'ನಕ್ಕೋ' ಅಂದ್ಲೇನು ನೋಡು" ಎಂದಳು.

ಅವಳ ಮಾತು ಖರೆ. 'ಬೇಡ' ಎನ್ನುವುದಕ್ಕೆ ನಮ್ಮಲ್ಲಿ 'ನಕ್ಕೋ' ಎಂಬ ಗಟ್ಟಿ ಶಬ್ದವಿರುವಾಗ ಆ ಹುಡುಗಿ ಅಷ್ಟುದ್ದ ಹಿಂದಿಯಲ್ಲಿ ಬೇಡ ಎನ್ನುವುದನ್ನು ಕೇಳಿದರೆ, ಇವಳಿಗೆ ನಿಜವಾಗಿಯೂ ಬೇಡವೋ ಇಲ್ಲವೋ ಎಂಬ ಅನುಮಾನ ಬರುತ್ತದೆ. ಮುಂದೆ ಅವಳಿಗೆ ಬೇಕೇ ಆಗಿತ್ತು ಎಂದು ಗೊತ್ತಾದದ್ದು ಬೇರೆ ಮಾತು.

ಕಿವಿಯಿಂದಲೇ ಕಥೆ ನೋಡುವುದರಲ್ಲಿ ಒಂದು ಫಜೀತಿ ಇದೆ. ನನಗೆ ಈ ಮಂದಿ ಮುಖದಿಂದ ಪರಿಚಯವಲ್ಲ, ದನಿಯಿಂದ ಪರಿಚಯ. ಹಿಂದಿಯ ದನಿ ಕೊಡುವವರು ಅಲ್ಲಿ ನಾಲ್ಕಾರು ಜನರೇ ಇದ್ದಾರೋ ಏನೋ, ಒಂದು ಕಥೆಯಲ್ಲಿ ಕಂಪನಿ ಕಬಳಿಸಿ ತಮ್ಮನನ್ನು ಬೀದಿಗೆ ತಳ್ಳಿದವನ ದನಿಯೇ ಇನ್ನೊಂದು ಕಥೆಯಲ್ಲಿ ಒಳ್ಳೆಯ ಡಾಕ್ಟರನಿಗೆ ಬಂದುಬಿಟ್ಟಿತು. ಆ ಡಾಕ್ಟರ ಏನು ಮಾಡಿದರೂ ನನಗೆ ನಂಬಿಕೆ ಬರಲಿಲ್ಲ. ಅವನು ಹುಡುಗಿಗೆ ಗಂಜಿ ಕಾಸಿಕೊಟ್ಟಾಗಲೂ ಅದರಲ್ಲಿ ಏನೋ ಬೆರೆಸಿದ್ದಾನೆಂದೇ ಕಾದೆ. ಮದುವೆಯಾಗಿ ಕಥೆ ಮುಗಿಯಿತು, ನನ್ನ ಸಂಶಯ ಮುಗಿಯಲಿಲ್ಲ.

ಇನ್ನೊಂದು ಕುತೂಹಲವಿದೆ. ನಡುನಡುವೆ ಸೂಜಿಗೆ ದಾರ ಪೋಣಿಸುವಾಗ ಕಣ್ಣೆತ್ತಿ ನೋಡುತ್ತೇನಲ್ಲ, ಆಗ ಎಷ್ಟೋ ಸಲ ಹಿಂದಿಯ ಮಾತು ಮುಗಿದಿರುತ್ತದೆ, ಹುಡುಗನ ಬಾಯಿ ಮಾತ್ರ ಇನ್ನೂ ಆಡುತ್ತಿರುತ್ತದೆ. ಆ ಉಳಿದ ಬಾಯಲ್ಲಿ ಅವನು ಏನು ಹೇಳಿದ? ಹಿಂದಿಯವರು ಯಾಕೆ ಬಿಟ್ಟರು? ಬಹುಶಃ ಮುಖ್ಯವಾದ ಮಾತು ಅಲ್ಲೇ ಇದ್ದೀತು. ಮಗಳಿಗೆ ಫೋನು ಮಾಡಿ ಕೇಳಿದೆ. "ಏನೂ ಇರಂಗಿಲ್ಲವ್ವಾ, ನೀ ಸುಮ್ನ ಹೊಲಿ" ಎಂದಳು. ಓದಿದ ಮಕ್ಕಳಿಗೆ ಕುತೂಹಲ ಕಡಿಮೆ.

ನಮ್ಮ ಅತ್ತೆಗೆ ಕುತೂಹಲ ಜಾಸ್ತಿ. ಇದೇ ತಾಲೂಕಿನ ಮುಧೋಳದವರು. ಮೊಣಕಾಲು ನೋವಿನಿಂದ ಈಗ ಪಡಸಾಲೆಯ ನಟ್ಟನಡುವಿನ ಮಂಚವೇ ಅವರ ಸಂಸ್ಥಾನ. ಮೊದಮೊದಲು "ಏನ್ ಹಚ್ಚೀರೇ ಗದ್ಲಾ" ಎಂದು ಗದರುತ್ತಿದ್ದವರು ಎರಡನೆಯ ವಾರಕ್ಕೆ "ಆ ಹುಡುಗಗ ಹೊಲ ಎಷ್ಟ ಅದ?" ಎಂದು ಕೇಳಿದರು. ಹೊಲವಿಲ್ಲ, ದೊಡ್ಡ ಆಫೀಸಿದೆ ಎಂದೆ. "ಹೊಲ ಇಲ್ಲಂದ್ರ ಹೆಣ್ಣ್ ಯಾರ್ ಕೊಡ್ತಾರ?" ಎಂದು ಅವರಿಗೆ ಆ ಹುಡುಗನ ಚಿಂತೆ ಹತ್ತಿತು. ಕೊರಿಯಾದವರೂ ಮೆಣಸಿನಕಾಯಿ ಒಣಗಿಸಿ ಖಾರ ಕುಟ್ಟುತ್ತಾರೆ, ಭರಣಿ ತುಂಬ ಉಪ್ಪಿನಕಾಯಿ ಹಾಕುತ್ತಾರೆ, ಚಪ್ಪಲಿ ಹೊರಗೆ ಬಿಡುತ್ತಾರೆ, ಎದುರಾದವರನ್ನೆಲ್ಲ ಊಟವಾಯಿತೇ ಎಂದು ಕೇಳುತ್ತಾರೆ ಎಂಬುದನ್ನು ಕಂಡ ಮೇಲಂತೂ ಅತ್ತೆಗೆ ಅವರು ಚಿಂಚೋಳಿಯಾಚೆಗಿನ ಯಾವುದೋ ಊರಿನವರಂತೆ ಕಾಣತೊಡಗಿದರು. ಕುಡಿದು ತೂರಾಡುವ ಹುಡುಗಿಯನ್ನು ಹುಡುಗ ಬೆನ್ನ ಮೇಲೆ ಹೊತ್ತುಕೊಂಡು ನಡೆದಾಗ ಮಾತ್ರ ಗಾಬರಿಯಾದರು. "ಅಯ್ಯ, ಕಾಲ್ ಮುರದದೇನ ಆಕೀದು?" ಎಂದರು. ಹೌದು ಎಂದೆವು. ಸತ್ಯ ಹೇಳುವ ಧೈರ್ಯ ರಜಿಯಾಳಿಗೂ ಇರಲಿಲ್ಲ.

ಆ ದೇಶದಲ್ಲಿ ಮೊದಲ ಹಿಮ ಬೀಳುವಾಗ ಪ್ರೀತಿಸಿದವರು ಜೊತೆಗಿರಬೇಕಂತೆ. ಹಿಮ ನಾನು ಕಂಡಿಲ್ಲ. ಆದರೆ ಚಿಕ್ಕವಳಿದ್ದಾಗ ಶಹಾಬಾದಿನಲ್ಲಿದ್ದ ನಮ್ಮ ಚಿಗವ್ವನ ಮನೆಗೆ ಹೋದರೆ, ನೆಲಕ್ಕೆ ಹಾಸುವ ಫರಸಿ ಕಲ್ಲು ಪಾಲಿಶು ಮಾಡುವಲ್ಲಿಂದ ಬೆಳ್ಳನೆಯ ಹುಡಿ ಹಾರಿ ಬೇವಿನ ಎಲೆಗಳ ಮೇಲೆ ಕೂತಿರುತ್ತಿತ್ತು. ನಾವು ಹುಡುಗಿಯರು ಕಟ್ಟೆಯ ಮೇಲಿನ ಹುಡಿಯಲ್ಲಿ ಬೆರಳಿನಿಂದ ಹೆಸರು ಬರೆಯುತ್ತಿದ್ದೆವು. ಚಿಗವ್ವ ಬಂದು ಕಸಬರಿಗೆ ಆಡಿಸಿದರೆ ಎಲ್ಲರ ಹೆಸರೂ ಒಂದೇ ಮೊರಕ್ಕೆ. ಆ ಹುಡಿಯ ಹೊತ್ತಿನಲ್ಲಿ ಯಾರೂ ಯಾರನ್ನೂ ಪ್ರೀತಿಸಿದ್ದು ನನಗೆ ತಿಳಿಯದು. ಎಲ್ಲರೂ ಕೆಮ್ಮುತ್ತಿದ್ದರು.

ಹಿಮ, ಒಂದೇ ಕೊಡೆಯ ಕೆಳಗೆ ಇಬ್ಬರು, ಬೆನ್ನ ಮೇಲೆ ಹೊರುವುದು, ಇವೆಲ್ಲ ನಮಗೆ ಒಗ್ಗದ ಬಾಬತ್ತು, ಬಿಡಿ. ನನ್ನನ್ನು ಹಿಡಿದು ನಿಲ್ಲಿಸಿದ್ದು ಅವರ ನಡಿಗೆ. ಕೊರಿಯಾದಲ್ಲಿ ಪ್ರೀತಿ ಮಾಡುವವರು ಬಹಳ ನಡೆಯಬೇಕು. ಆಫೀಸು ಬಿಟ್ಟರೆ ನಡೆಯುತ್ತಾರೆ, ಜಗಳವಾದರೆ ನಡೆಯುತ್ತಾರೆ, ಹೊಳೆಯ ದಂಡೆಗುಂಟ ನಡೆಯುತ್ತಾರೆ. ನಡೆಯುವುದೆಂದರೆ ಇಬ್ಬರೂ ಒಂದೇ ಸಾಲಿನಲ್ಲಿ, ಹೆಗಲಿಗೆ ಹೆಗಲು. ಯಾರಾದರೂ "ನಿನ್ನ ಜೊತೆ ಮಾತಾಡಬೇಕು" ಎಂದರೆ ಸಾಕು, ಇನ್ನೊಬ್ಬರು ಎದ್ದು ಹೊರಡುತ್ತಾರೆ.

ನಮ್ಮ ಕಡೆ ಗಂಡ ಮುಂದೆ, ಹೆಂಡತಿ ಹಿಂದೆ. ಇದನ್ನು ಯಾರೂ ಯಾರಿಗೂ ಕಲಿಸಿಲ್ಲ. ನನ್ನ ತವರು ಕಾಗಿಣಾ ಹೊಳೆಯ ದಂಡೋತಿ. ಅಲ್ಲಿಂದ ಚಿತ್ತಾಪುರದ ಸಂತೆಗೆ ಹೋಗುವಾಗ ಅಪ್ಪ ಒಂದು ಕೂಗಳತೆ ಮುಂದೆ, ಅವ್ವ ಹಿಂದೆ, ನಡುವೆ ನಾನು. ಅವ್ವ ನನಗೆ ಹೇಳುವಳು: "ಹೋಗಿ ಕೇಳು, ಬೀಜದ ಜ್ವಾಳ ಈ ಸಂತೀಗೇ ತರೋದೇನಂತ." ನಾನು ಓಡಿ ಹೋಗಿ ಅಪ್ಪನನ್ನು ಕೇಳುವೆ. ಅಪ್ಪ ತಿರುಗಿ ನೋಡದೆ, "ಮುಂದಿನ ಸಂತೀಗಿ ಅಂತ ಹೇಳು" ಎನ್ನುವನು. ಓಡಿ ಬಂದು ಅವ್ವನಿಗೆ ಹೇಳುವೆ. ಅಷ್ಟರಲ್ಲಿ ಅವ್ವನಿಗೆ ಇನ್ನೊಂದು ಪ್ರಶ್ನೆ ಹುಟ್ಟಿರುತ್ತಿತ್ತು. ಅವರಿಬ್ಬರೂ ಒಂದು ಸಲ ನಡೆದ ದಾರಿಯನ್ನು ನಾನು ಮೂರು ಸಲ ಓಡುತ್ತಿದ್ದೆ. ನಡುವೆ ಬೋರೆಹಣ್ಣಿನ ಗಿಡ ಸಿಕ್ಕರೆ ಉತ್ತರ ಅಲ್ಲೇ ಮರೆತು, ನನಗೆ ತೋಚಿದ್ದನ್ನೇ ಹೇಳಿಬಿಡುತ್ತಿದ್ದೆ. ಹೀಗೆ ನಮ್ಮ ಮನೆಯ ಕೆಲವು ತೀರ್ಮಾನಗಳನ್ನು ಏಳನೆಯ ವಯಸ್ಸಿನಲ್ಲೇ ನಾನು ಮಾಡಿದ್ದೇನೆ.

ಮದುವೆಯಾಗಿ ಸೇಡಂಗೆ ಬಂದ ಮೇಲೆ ನನಗೂ ನಮ್ಮನೆಯವರಿಗೂ ನಡುವೆ ಅತ್ತೆ ಇದ್ದರು. ಹೆಸರು ಹಿಡಿದು ಗಂಡನನ್ನು ಕರೆಯುವವರಲ್ಲ ನಾವು, ಇಲ್ಲಿ ಬರೆಯಲೂ ಕೈ ಬರುತ್ತಿಲ್ಲ. ಅವರು ಸಿಮೆಂಟು ಫ್ಯಾಕ್ಟರಿಯೊಂದರ ಪ್ಯಾಕಿಂಗ್ ಕೆಲಸದವರು, ಪಾಳಿಯ ಡ್ಯೂಟಿ. ನಾನು ಎಚ್ಚರಿದ್ದಾಗ ಅವರಿಗೆ ನಿದ್ದೆ, ಅವರು ಎಚ್ಚರಿದ್ದಾಗ ಪಡಸಾಲೆಯಲ್ಲಿ ಅತ್ತೆ. ಹಿರಿಯರ ಮುಂದೆ ಗಂಡ ಹೆಂಡತಿ ನೇರ ಮಾತಾಡುವ ರೂಢಿ ಈ ಮನೆಯಲ್ಲಿ ಇರಲಿಲ್ಲ. ಅವರು ಅಲ್ಲೇ ಕೂತು ಪೇಪರು ಓದುತ್ತಿದ್ದರೂ ನಾನು ಒಳಗಿನಿಂದ ಕೇಳುತ್ತೇನೆ: "ಅತ್ತೀ, ರೊಟ್ಟಿ ಮಾಡ್ಲೇನು, ಚಪಾತಿ ಮಾಡ್ಲೇನು, ಕೇಳ್ರಿ."

"ಏ ತಮ್ಮಾ, ರೊಟ್ಟಿ ಬೇಕೋ ಚಪಾತಿ ಬೇಕೋ?" ಎಂದು ಅತ್ತೆ ಮಗನನ್ನು ಕೇಳುತ್ತಾರೆ.

"ಏನರೇ ಆಗಲಿ ಅಂತ ಹೇಳವ್ವಾ."

"ಏನರೇ ಆಗಲಿ ಅಂತಾನ ನೋಡು."

ನನಗೆ ಮೊದಲೇ ಕೇಳಿಸಿರುತ್ತದೆ. ಆದರೂ ಅತ್ತೆ ಹೇಳಿದ ಮೇಲೆಯೇ ಹಿಟ್ಟಿಗೆ ಕೈ ಹಾಕುವುದು. ಹಿಂದಿಯ ಕಥೆ ನೋಡಲು ಶುರು ಮಾಡಿದ ಮೇಲೆಯೇ ನನಗೆ ಹೊಳೆದದ್ದು, ನಮ್ಮ ಮನೆಯಲ್ಲೂ ಇಷ್ಟು ವರ್ಷ ಡಬ್ಬಿಂಗೇ ನಡೆದಿದೆ ಎಂದು. ಅತ್ತೆ ಕೆಟ್ಟವರಲ್ಲ, ಮಾತನ್ನು ತಿರುಚಿದವರೂ ಅಲ್ಲ. ಆದರೆ ಅವರ ಮಗನ ಬಾಯಿ ಒಮ್ಮೊಮ್ಮೆ ಇನ್ನೂ ಸ್ವಲ್ಪ ಆಡಿದಂತೆ ಕಾಣುತ್ತಿತ್ತು. ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಎನ್ನುತ್ತಾರೆ. ಜಗಳವಾಡಲಾದರೂ ನೇರ ಮಾತು ಬೇಕಲ್ಲ.

ಇದೆಲ್ಲ ನಗುವ ಸಂಗತಿಯಾಗಿಯೇ ಉಳಿಯುತ್ತಿತ್ತೇನೋ, ಚಿತ್ತಾಪುರದಿಂದ ಆ ಫೋನು ಬರದಿದ್ದರೆ. ಅಲ್ಲಿನ ಒಂದು ಹೊಲಿಗೆ ತರಬೇತಿ ಕೇಂದ್ರದ ಮೇಡಂ ನಾನು ಹೊಲಿದ ಜಂಪರನ್ನು ಯಾರ ಮೈಮೇಲೋ ನೋಡಿದ್ದರಂತೆ. "ನಮ್ಮ ಹುಡುಗ್ಯಾರಿಗೆ ಕಲಿಸಾಕ ಬರ್ತೀರೇನು? ಸೋಮವಾರ ಹೇಳ್ರಿ, ಇಲ್ಲಂದ್ರ ಬ್ಯಾರೇದವರನ್ನ ನೋಡ್ತೀವಿ" ಎಂದರು. ದಿನಾ ಬೆಳಿಗ್ಗೆ ಹೋಗಿ ಸಂಜೆ ಬರಬೇಕು. ನಾನು ಹತ್ತನೆಯ ಇಯತ್ತೆ ಮುಗಿಸಿ ಮದುವೆಯಾದವಳು. ನನ್ನೆದುರು ಸಾಲಾಗಿ ಹುಡುಗಿಯರು ಕೂತು ನಾನು ಹೇಳಿದಂತೆ ಕತ್ತರಿ ಆಡಿಸುವುದನ್ನು ಒಮ್ಮೆ ಮನಸ್ಸಿನಲ್ಲಿ ಕಂಡೆ, ಅಷ್ಟೇ. ಆ ಚಿತ್ರ ಹೋಗಲೇ ಇಲ್ಲ. ಹೋಗಬೇಕು ಎಂಬ ಆಸೆ ನನಗೇ ಹೆದರಿಕೆಯಾಗುವಷ್ಟು ಬಲವಾಗಿತ್ತು.

ಹೇಳುವುದು ಹೇಗೆ? ಅತ್ತೆಯ ಮೂಲಕ ಕೇಳಿಸಿದರೆ, "ಏ ತಮ್ಮಾ, ಈಕಿ ಚಿತ್ತಾಪುರಕ್ಕ ಹೋಗ್ತಾಳಂತ" ಎಂಬ ಮಾತಿಗೆ ನಮ್ಮನೆಯವರು ಅಡ್ಡಗೋಡೆಯ ಮೇಲೆ ದೀಪವಿಟ್ಟಂತೆ "ನೀ ಏನಂತಿ ಅವ್ವಾ?" ಎನ್ನುವರು. ಮೊಣಕಾಲು ಹಿಡಿದುಕೊಂಡು ಕೂತ ಅವ್ವ ಏನೆಂದಾರು? ಅಲ್ಲಿಗೆ ಮುಗಿಯಿತು.

ರಜಿಯಾ ಫಾಲಿನ ದಾರವನ್ನು ಹಲ್ಲಿನಿಂದ ಕಡಿದು ಹೇಳಿದಳು: "ಅಕ್ಕಾ, ಆ ಮಂದಿ ಏನ್ ಮಾಡ್ತಾರ? ಬಾಜೂ ಬಾಜೂ ನಡ್ಕೋತ ಹೇಳಿಬಿಡ್ತಾರ. ಐತವಾರ ನೀವಿಬ್ರೂ ಸುಲೇಪೇಟಕ್ಕ ಹೊಂಟೀರಲ್ಲ? ನೀನೂ ಬಾಜೂ ನಡಿ, ಹೇಳು. ಡರ್ ನಕ್ಕೋ."

ಸುಲೇಪೇಟದಲ್ಲಿ ನಮ್ಮನೆಯವರ ಅಕ್ಕನ ಮೊಮ್ಮಗಳ ತೊಟ್ಟಿಲ ಕಾರ್ಯವಿತ್ತು. ಅತ್ತೆಗೆ ಬಸ್ಸು ಹತ್ತಲು ಆಗದು. ಅವರನ್ನು ರಜಿಯಾಳ ಸುಪರ್ದಿಗೆ ಒಪ್ಪಿಸಿ ನಾವಿಬ್ಬರೇ ಹೊರಟೆವು.

ಓಣಿ ದಾಟಿದ ಕೂಡಲೇ ನಾನು ಹೆಜ್ಜೆ ಜೋರು ಮಾಡಿದೆ. ನೋಡಿ, ಇಲ್ಲಿ ಒಂದು ಲೆಕ್ಕ ತಪ್ಪಿತು. ಹಿಂದೆ ಬರುವ ಹೆಂಡತಿಯ ಚಪ್ಪಲಿ ಸಪ್ಪಳ ಜೋರಾಯಿತೆಂದರೆ ನಮ್ಮ ಕಡೆ ಅದಕ್ಕೆ ಒಂದೇ ಅರ್ಥ: ಹೊತ್ತಾಗಿದೆ, ಬೇಗ ನಡೆಯಿರಿ. ನಮ್ಮನೆಯವರು ಬೇಗ ನಡೆದರು. ನಾನು ಇನ್ನೂ ಬೇಗ ನಡೆದೆ. ಅವರು ಬಸ್ಸು ಹೋಗಿಯೇ ಬಿಡುತ್ತದೆಂದು ಓಡತೊಡಗಿದರು. ಅವರು ಓಡಿದ್ದು ಕಂಡು ನನಗೂ ಬಸ್ಸು ಹೋಗುತ್ತದೇನೋ ಎನಿಸಿತು, ಸೀರೆಯ ನಿರಿಗೆ ಎತ್ತಿ ಹಿಡಿದು ನಾನೂ ಓಡಿದೆ. ಬಸ್‌ಸ್ಟ್ಯಾಂಡು ಮುಟ್ಟಿದಾಗ ಇಬ್ಬರಿಗೂ ಏದುಸಿರು. ಬಸ್ಸು ಇನ್ನೂ ಬಂದೇ ಇರಲಿಲ್ಲ.

"ಯಾಕ ಓಡಿದಿ?" ಎಂದರು.

"ನೀವ್ ಓಡಿದ್ರಿ, ಅದಕ್ಕ ಓಡಿದೆ."

"ನೀ ಓಡಿದಿ ಅಂತ ನಾ ಓಡೀನಿ" ಎಂದು ಅವರು ಟವೆಲಿನಿಂದ ಮುಖ ಒರೆಸಿಕೊಂಡರು.

ಬಸ್ಸಿನಲ್ಲಿ ಹೆಂಗಸರು ಮುಂದೆ, ಗಂಡಸರು ಹಿಂದೆ. ಅಲ್ಲೂ ಮಾತಿಲ್ಲ. ಸುಲೇಪೇಟದಲ್ಲಿ ಹೆಂಗಸರು ಒಳಗೆ, ಗಂಡಸರು ಶಾಮಿಯಾನದ ಕೆಳಗೆ. ಕೂಸಿನ ಕಿವಿಯಲ್ಲಿ ಹೆಸರು ಹೇಳಿದ್ದಾಯಿತು, ಹೋಳಿಗೆ ಉಂಡದ್ದಾಯಿತು. ನನ್ನ ಮಾತು ಗಂಟಲಲ್ಲೇ ಇತ್ತು, ಹೋಳಿಗೆ ಅದರ ಪಕ್ಕದಿಂದ ಇಳಿಯಿತು.

ಇಳಿಹೊತ್ತಿಗೆ ಸೇಡಂನಲ್ಲಿ ಬಸ್ಸಿಳಿದೆವು. ನಮ್ಮನೆಯವರು ಬುತ್ತಿಯ ಚೀಲ ಹಿಡಿದು ಮುಂದೆ ನಡೆದರು. ಇನ್ನು ಸ್ವಲ್ಪ ದೂರ ನಡೆದರೆ ಮನೆ, ಮಂಚ, ಅತ್ತೆ. ನಾಳೆ ಸೋಮವಾರ. ನಾನು ಬೇಗ ನಡೆಯಲಿಲ್ಲ. ಹಿಟ್ಟಿನ ಗಿರಣಿಯ ಮುಂದೆ ನಿಂತುಬಿಟ್ಟೆ.

ಕೊರಿಯಾದ ಹುಡುಗಿ ಹೀಗೆ ನಿಂತರೆ ಹುಡುಗನಿಗೆ ಹೇಗೋ ತಿಳಿಯುತ್ತದೆ, ಎರಡೇ ಹೆಜ್ಜೆಗೆ ತಿರುಗುತ್ತಾನೆ. ನಮ್ಮವರು ತಿರುಗುತ್ತಾರೋ ಇಲ್ಲವೋ ನೋಡುವ ಕುತೂಹಲ ನನಗೂ ಇತ್ತು. ತಿರುಗಲಿಲ್ಲ. ಪಾನ್ ಅಂಗಡಿ ದಾಟಿದರು, ಬೇವಿನ ಗಿಡ ದಾಟಿದರು. ಅಲ್ಲಿಗೆ ನನ್ನ ಕುತೂಹಲ ಮುಗಿಯಿತು. ಇಷ್ಟು ವರ್ಷ ಸಂಸಾರ ಮಾಡಿದ ಈ ಮನುಷ್ಯನಿಗೆ ನಾನು ಹಿಂದೆ ಇಲ್ಲವೆಂಬುದು ತಿಳಿಯಲು ಎಷ್ಟು ದೂರ ಬೇಕು?

ಆಗ ಒಂದು ಚಮತ್ಕಾರ ಕಂಡೆ. ಅವರ ಬಲಗೈ ಆಡುತ್ತಿತ್ತು. ಏನನ್ನೋ ವಿವರಿಸುವಾಗ ಆಡುತ್ತದಲ್ಲ, ಹಾಗೆ. ಅವರು ಮಾತಾಡುತ್ತಿದ್ದರು! ನಾನು ಹಿಂದೆ ಬರುತ್ತಿದ್ದೇನೆಂದುಕೊಂಡು ಮುಂದಿನ ರಸ್ತೆಗೆ ಹೇಳುತ್ತಿದ್ದರು. ಇಷ್ಟು ವರ್ಷ ಹೀಗೆ ಎಷ್ಟು ಮಾತಾಡಿದ್ದಾರೋ, ಗಾಳಿಗೆ ಹೋದದ್ದೆಷ್ಟೋ. ಹಿಂದೆ ಚಪ್ಪಲಿ ಸಪ್ಪಳ ಇಲ್ಲದ್ದು ತಿಳಿದು ಕೊನೆಗೆ ತಿರುಗಿದರು. ಗಾಬರಿಯಾಗಿ ಬಿರಬಿರನೆ ಬಂದರು.

"ಚಪ್ಪಲ್ ಹರೀತೇನ?"

"ಇಲ್ರಿ."

"ಬಸ್ಸಿನ್ಯಾಗ ಏನರೇ ಬಿಟ್ಟಿಯೇನು?"

"ಇಲ್ರಿ. ನಿಮಗ ಒಂದ್ ಮಾತ್ ಹೇಳೋದಿತ್ತು."

"ಮನೀಗಿ ಹೋಗಿ ಹೇಳಿದ್ರಾಗಂಗಿಲ್ಲೇನು?"

"ಮನ್ಯಾಗ ನಾ ನಿಮಗ ಎಂದ್ ಹೇಳೀನ್ರಿ?"

ಗಿರಣಿಯ ಸಪ್ಪಳ ನಡೆದೇ ಇತ್ತು. ನಾನು ದನಿ ಏರಿಸಿ ಎಲ್ಲವನ್ನೂ ಒಂದೇ ಉಸಿರಿಗೆ ಹೇಳಿದೆ. ಚಿತ್ತಾಪುರ, ಮೇಡಂ, ಹುಡುಗಿಯರು, ಸೋಮವಾರ. ಕೊನೆಗೆ, "ನಾ ಹೋಗಬೇಕಂತ ಮಾಡೀನ್ರಿ" ಎಂದೆ.

"ಅವ್ವಗ ಹೇಳೀಯೇನು?"

"ಇಲ್ರಿ. ಮೊದ್ಲ ನಿಮಗ ಹೇಳಾಕತ್ತೀನಿ."

"ಮೊದ್ಲ ನನಗ?" ಎಂದರು. ಚೀಲವನ್ನು ಈ ಕೈಯಿಂದ ಆ ಕೈಗೆ ಬದಲಿಸಿಕೊಂಡರು. ಆಮೇಲೆ ನಾನು ಎಂದೂ ಕೇಳದ ಒಂದು ಮಾತು ಹೇಳಿದರು. "ಪೂರ್ಣಿಮಾ ನಿನ್ನ ಹೊಟ್ಟ್ಯಾಗ ಇದ್ದಾಗ ನೀ ಬಸರಿ ಅಂತ ನನಗ ಅವ್ವ ಹೇಳಿದ್ಲು. ಡ್ಯೂಟಿ ಮುಗಿಸಿ ಬಂದಿದ್ದೆ. ಓಣಿ ಮಂದಿಗೆಲ್ಲಾ ಗೊತ್ತಾಗಿತ್ತು, ಕಡೀಗಿ ನನಗ. ನೀ ಒಳಗ ರೊಟ್ಟಿ ಬಡ್ಯಾಕತ್ತಿದ್ದಿ. ಒಳಗ ಬಂದು ನಿನ್ನ ಕೇಳಬೇಕಂತ ಭಾಳ ಇತ್ತು. ಹೆಂಗ್ ಕೇಳಬೇಕು ತಿಳೀಲಿಲ್ಲ."

ನನಗೆ ಅಳು ಬಂತು. ಅವತ್ತು ಒಳಗೆ ರೊಟ್ಟಿ ಬಡಿಯುತ್ತ ನಾನು ಕಾದಿದ್ದೆ. ಅವರು ಬರಲಿಲ್ಲ. ಈ ಮನುಷ್ಯನಿಗೆ ಅದೇನು ದೊಡ್ಡ ಸಂಗತಿಯಲ್ಲವೇನೋ ಎಂದುಕೊಂಡು ಇಷ್ಟು ಕಾಲ ಅದನ್ನೇ ನಂಬಿದ್ದೆ.

"ಹೋಗು, ಕಲಿಸು" ಎಂದರು. "ಅವ್ವಗ ನಾ ಹೇಳ್ತೀನಿ." ಮತ್ತೆ ತಾವೇ ತಿದ್ದಿಕೊಂಡರು. "ಬ್ಯಾಡ, ಇಬ್ರೂ ಕೂಡೇ ಹೇಳೋಣು. ನನ್ನ ಡ್ಯೂಟಿ ನೋಡ್ಕೋತ ಆಕಿ ಊಟಾ ಗೀಟಾ ನಾ ನೋಡ್ಕೋತೀನಿ. ನೀ ರೈಲಿಗಿ ಹೋಗ್ತಿಯೋ ಬಸ್ಸಿಗೋ?"

ಪ್ರಶ್ನೆ ಕೇಳಿದ ಮೇಲೆ ಉತ್ತರಕ್ಕೆ ಕಾಯಬೇಕಲ್ಲ, ಅವರು ಮುಂದೆ ಹೋಗಲಿಲ್ಲ. ನಾನು ರೈಲು ಎಂದೆ, ಅವರು ಬಸ್ಸೇ ಚಲೋ ಎಂದರು. ವಾದ ಮಾಡುತ್ತ ಹೊರಟೆವು. ಜೋಡಿಯಾಗಿ ನಡೆಯುವುದು ಕೊರಿಯಾದವರು ತೋರಿಸುವಷ್ಟು ಸುಲಭವಲ್ಲ. ಅವರ ಹೆಜ್ಜೆ ಉದ್ದ, ನನ್ನದು ಗಿಡ್ಡ. ಚೀಲ ಬಂದು ನನ್ನ ಮೊಣಕಾಲಿಗೆ ಬಡಿಯಿತು, ನನ್ನ ಮೊಣಕೈ ಅವರ ಪಕ್ಕೆಗೆ ತಾಗಿತು. ಎದುರಿನಿಂದ ಟಂಟಂ ಆಟೋ ಬಂದಾಗ ಯಾರು ಯಾವ ಕಡೆ ಸರಿಯಬೇಕೆಂದು ತಿಳಿಯದೆ ಇಬ್ಬರೂ ಒಂದೇ ಚರಂಡಿಯ ಅಂಚಿಗೆ ಹೋದೆವು.

ಅಷ್ಟರಲ್ಲಿ ನಮ್ಮ ಓಣಿಯ ಕಿರಾಣಿ ಅಂಗಡಿಯವರು ಮೋಟಾರ್ ಸೈಕಲ್ಲಿನ ಮೇಲೆ ಬಂದವರು ಗಕ್ಕನೆ ನಿಂತರು. ನಮ್ಮೂರಲ್ಲಿ ಗಂಡ ಹೆಂಡತಿ ಹೀಗೆ ಹೆಗಲಿಗೆ ಹೆಗಲು ಹಚ್ಚಿ ನಡೆಯುವುದು ಒಬ್ಬರು ಇನ್ನೊಬ್ಬರನ್ನು ದವಾಖಾನೆಗೆ ಕರೆದೊಯ್ಯುವಾಗ ಮಾತ್ರ. ಅದರ ಮೇಲೆ ನನ್ನ ಕಣ್ಣೂ ಕೆಂಪಾಗಿತ್ತು.

"ಯಾಕ್ರೀ, ಏನಾತು? ಅಕ್ಕೋರಿಗಿ ಆರಾಮಿಲ್ಲೇನು? ಗಾಡಿ ಮ್ಯಾಲ ದವಾಖಾನಿಗಿ ಬಿಡ್ಲೇನು?" ಎಂದು ಆ ಪುಣ್ಯಾತ್ಮರು ಇಳಿದೇಬಿಟ್ಟರು.

ನಮ್ಮನೆಯವರು ಈಗ ನಾಲ್ಕು ಹೆಜ್ಜೆ ಮುಂದೆ ಸರಿಯುತ್ತಾರೆಂದು ನಾನು ಕಾದೆ. ಅವರು ಸರಿಯಲಿಲ್ಲ. ಕಿವಿ ಮಾತ್ರ ಸ್ವಲ್ಪ ಕೆಂಪಾಯಿತು.

"ಆರಾಮ್ ಅದಾಳ್ರೀ. ನೀವ್ ನಡೀರಿ" ಎಂದರು. "ನಾವ್ ಮಾತಾಡಾಕತ್ತೀವಿ."